ಎಡದಿಂದ ಬಲಕ್ಕೆ

ವರ್ನಾ ಟಿಲಟ್‌ಸನ್‌ಗೆ ಎಪ್ಪತ್ತೆರಡು. ಇದು ಹನ್ನೊಂದನೆಯ ಪುಸ್ತಕ.
ಹತ್ತರಲ್ಲೂ ಕುದುರೆ ಏರಿದವರೇ, ಟೋಪಿ ಬಿಚ್ಚದೆ ಸತ್ತವರೇ.
ಯಾವ ನಟನ ಹಲ್ಲು ಕಟ್ಟಿಸಿದ್ದು, ಯಾವನ ಎದೆಗೂದಲು ಬೋಳಿಸಿದ್ದು,
ಯಾವನು ಬಂದೂಕು ಹಾರಿದಾಗ ಕಣ್ಣು ಮುಚ್ಚುತ್ತಿದ್ದ,
ಕೇಳಿ, ಹೇಳುತ್ತಾಳೆ, ಇಸವಿ ಸಮೇತ.
ಗಂಡ ಬಿಟ್ಟುಹೋದ ಇಸವಿ ಮಾತ್ರ ಕೊಂಚ ತಡವರಿಸಿ.

ಈಗ ಲೋನ್ ಪೈನ್ ಊರಿನ ಮೋಟೆಲಿನ ಏಳನೆಯ ಕೋಣೆಯಲ್ಲಿ
ಮಂಚದ ತುಂಬ ಪಟಗಳನ್ನು ಹರಡಿ
ಅಡಿಬರಹ ಬರೆಯುತ್ತಿದ್ದಾಳೆ. ಶುಕ್ರವಾರ ಕೊನೆಯ ದಿನ.
ನ್ಯೂಯಾರ್ಕಿನ ಸಂಪಾದಕ ಹುಡುಗ ಒಲೆಯ ಮೇಲೆ ಹಾಲಿಟ್ಟವನ ಹಾಗೆ
ದಿನಕ್ಕೆರಡು ಸಲ ಫೋನು ಮಾಡಿ 'ಆಯ್ತಾ' ಅನ್ನುತ್ತಾನೆ.

ನಲವತ್ತೆರಡನೆಯ ಪಟ. ಕಪ್ಪು ಬಿಳುಪು. ಮೂರು ಕುದುರೆ, ಮೂರು ಜನ.
ಎಡಕ್ಕೆ: ಕ್ಲೇಟನ್ ರೋವ್. ಆ ಗದ್ದ. ಆ ಗದ್ದಕ್ಕೆ ಪ್ರತ್ಯೇಕ ದೀಪ.
ನಡುವೆ: ಡಚ್ ಆಮ್ಸ್‌ಲರ್, ಇಪ್ಪತ್ತು ವರ್ಷ ಖಳ,
ಮನೆಯಲ್ಲಿ ಗುಲಾಬಿ ಬೆಳೆಸುತ್ತಿದ್ದ.
ಬಲಕ್ಕೆ:
ಬಲಕ್ಕೆ ಗರಿ ಸಿಕ್ಕಿಸಿಕೊಂಡ ಒಬ್ಬ. ಸ್ಟುಡಿಯೋ ಪಟ್ಟಿಯಲ್ಲಿ
'ಇಂಡಿಯನ್, ನಂಬರ್ ನಾಲ್ಕು'.
ಯಾವನೋ ನಾವಿಕ ದಾರಿ ತಪ್ಪಿದ್ದಕ್ಕೆ ಇವರಿಗಂಟಿದ ಹೆಸರು,
ಅದಕ್ಕೂ ಮೇಲೊಂದು ಅಂಕಿ.

ಪಟ ಹಿಡಿದು ಬೆಟ್ಟಕ್ಕೆ ಹೋದಳು. ಬಂಡೆ ಬಂಡೆಗೂ ತಾಳೆ ನೋಡುತ್ತ
ಮಧ್ಯಾಹ್ನ ಕಳೆದಳು. ಸಿಕ್ಕಿತು:
ಕೂತ ಒಂಟೆಯಂಥ ಬಂಡೆ, ಬೆನ್ನಿನ ಸೀಳು ಕೂಡ ಹಾಗೇ,
ಅರವತ್ತೆಂಟು ವರ್ಷಕ್ಕೆ ಕೂದಲೆಳೆಯಷ್ಟೂ ಅಗಲವಾಗದೆ.
ಬರೆದುಕೊಂಡಳು. ಬರೆದವಳು ಹಾಗೇ ನಿಂತಳು.
ಬಂಡೆಯ ಗುರುತು ಸಿಕ್ಕಿತು.
ಮನುಷ್ಯನ ಗುರುತು ಸಿಕ್ಕಲಿಲ್ಲ.

ಪೆಟ್ರೋಲ್ ಬಂಕಿನವನು ಹೇಳಿದ: ಲೆನೋರಾ ಸ್ಪ್ರ್ಯಾಟ್‌ಳನ್ನು ಕೇಳಿ,
ಪೈಯೂಟ್ ಜನ, ತೊಂಬತ್ತು ದಾಟಿದೆ. ಬೆಳಿಗ್ಗೆಯೇ ಹೋಗಿ,
ಸಂಜೆ ಟೀವಿಯಲ್ಲಿ ಬೇಸ್‌ಬಾಲ್, ಆಗ ದೇವರು ಬಂದರೂ ಬಾಗಿಲು ತೆಗೆಯಳು.

ಲೆನೋರಾ ಪಟವನ್ನು ಮೂಗಿಗೆ ತಾಗುವಷ್ಟು ಹತ್ತಿರ ಹಿಡಿದಳು.
'ಅಯ್ಯೋ, ಬಿಸ್ಕಿಟ್!' ಅಂದಳು.
ಕುದುರೆ. ಬಲಗಡೆಯ ಕುದುರೆ. ಹಿಂಗಾಲಿಗೆ ಬಿಳಿ ಕಾಲ್ಚೀಲ.
ಸೇಬು ಕದಿಯುತ್ತಿತ್ತು, ಕದ್ದು ಸಾಚಾನ ಹಾಗೆ ನಿಲ್ಲುತ್ತಿತ್ತು.
'ನಿನ್ನ ಈ ಗದ್ದದವನಿಗೆ ಕುದುರೆ ಅಂದರೆ ಜೀವ ಬಾಯಿಗೆ. ನೋಡಿಲ್ಲಿ.'
ಎಡ ಅಂಚಿನಲ್ಲಿ, ಹತ್ತು ಪುಸ್ತಕ ಬರೆದ ಕಣ್ಣಿಗೆ ಬೀಳದ್ದು,
ಲಗಾಮು ಹಿಡಿದ ಒಂದು ಕೈ. 'ನಮ್ಮಪ್ಪನದು.
ಕುದುರೆಗೆ ದಿನಕ್ಕೆ ಹತ್ತು ಡಾಲರು, ಅಪ್ಪನಿಗೆ ಐದು,
ಬಿದ್ದು ತೋರಿಸಿದರೆ ಎರಡು ಜಾಸ್ತಿ. ಬಿಸ್ಕಿಟ್ ಮೇಲಿದ್ದವನು
ಒಂದೇ ದಿನ ಒಂಬತ್ತು ಸಲ ಬಿದ್ದ. ಅಮ್ಮನಿಗೆ ಒಲೆ ಕೊಳ್ಳಬೇಕಿತ್ತು.'

ಕಥೆಯಲ್ಲಿ ಕ್ಲೇಟನ್ ರೋವ್ ಕಣಿವೆಯ ನೀರು ಉಳಿಸುತ್ತಾನಲ್ಲ,
ಅದಕ್ಕೆ ಲೆನೋರಾ ನಕ್ಕದ್ದು ಕೆಮ್ಮಿಗೆ ತಿರುಗಿತು.
ಕಿಟಕಿಯಾಚೆ ಲಾಸ್ ಏಂಜಲೀಸ್ ಕುಡಿದು ಮುಗಿಸಿದ ಸರೋವರ.
ಬಿಳಿ ಧೂಳೆದ್ದು ಹೆದ್ದಾರಿಗೆ ಅಡ್ಡ ನಡೆಯುತ್ತಿತ್ತು.

'ಮೇಲೆ ಕೂತವರು ಯಾರು?' ವರ್ನಾ ಪೆನ್ನಿನ ಮುಚ್ಚಳ ತೆಗೆದಳು.
ಮುದುಕಿ ಪಟವನ್ನು ತೊಡೆಯ ಮೇಲೆ ಮಗುಚಿಟ್ಟಳು.
'ನನ್ನಣ್ಣ.'
'ಹೆಸರು?'
'ಹೋದವರ ಹೆಸರನ್ನು ನಮ್ಮಮ್ಮ ಕೂಗುತ್ತಿರಲಿಲ್ಲ. ನಾನೂ ಕೂಗುವುದಿಲ್ಲ.
ಅವನು ನಾಯಿಗೆ ನಂಬರ್ ನಾಲ್ಕು ಅಂತ ಹೆಸರಿಟ್ಟಿದ್ದ,
ಬೇಕಾದರೆ ಅದನ್ನು ಬರೆದುಕೋ.'

ಕಾಫಿ ಆರಿತು. ಪೆನ್ನಿನ ಮುಚ್ಚಳ ಮತ್ತೆ ಹಾಕುವ ಸದ್ದು
ಇಷ್ಟು ದೊಡ್ಡದೆಂದು ವರ್ನಾಳಿಗೆ ಗೊತ್ತಿರಲಿಲ್ಲ.

ರಾತ್ರಿ 'ಗುರುತು ಸಿಕ್ಕಿಲ್ಲ' ಎಂದು ಬರೆದು,
ಸುಳ್ಳಾಯಿತಲ್ಲ ಎಂದು ಹೊಡೆದು,
'ಹೆಸರು ತಿಳಿದಿಲ್ಲ', ಅದನ್ನೂ ಹೊಡೆದು,
ಕಿಟಕಿ ತೆರೆದು, ಧೂಳೆಂದು ಮುಚ್ಚಿ,
ಕೊನೆಗೆ:

ಎಡಕ್ಕೆ, ಕ್ಲೇಟನ್ ರೋವ್. ನಡುವೆ, ಡಚ್ ಆಮ್ಸ್‌ಲರ್.
ಬಲಕ್ಕೆ, ಬಿಸ್ಕಿಟ್. ಅದರ ಮೇಲಿರುವವನ ಹೆಸರು
ಅವನ ತಂಗಿಯ ಹತ್ತಿರ ಇದೆ.
ಅಂಚಿನ ಕೈ ಅವರ ತಂದೆಯದು.

ಬೆಳಿಗ್ಗೆ ಫೋನು. 'ಎಲ್ಲ ಸರಿಯಿದೆ, ವರ್ನಾ.
ಈ ಬಿಸ್ಕಿಟ್ ಅನ್ನುವ ನಟನ
ಪೂರ್ತಿ ಹೆಸರು ಬೇಕಿತ್ತು.'